ಮೊದಲು ಖೋಕಾ ನೋಡಿ, ಆಮೇಲೆ ಟಾರ್ಗೆಟ್: ಹೊಸ ಸೆಮಿ-ಆಟೊಮ್ಯಾಟಿಕ್ ರೈಫಲನ್ನು ರೇಂಜಿನಲ್ಲಿ ಪರೀಕ್ಷಿಸುವ ಬಗೆ

ಪ್ರಶ್ನೆ: ಕಲಬುರಗಿ ಭಾಗದಲ್ಲಿ ಸಿಬ್ಬಂದಿಗೆ ಆಯುಧ ತರಬೇತಿ ಕೊಡುವ ಕೆಲಸದಲ್ಲಿದ್ದೇನೆ. ನಮ್ಮ ಘಟಕಕ್ಕೆ 5.56 ಮಿ.ಮೀ.ನ ಹೊಸ ಸೆಮಿ-ಆಟೊಮ್ಯಾಟಿಕ್ ರೈಫಲ್ ಒಂದು ನಮೂನೆಗೆಂದು ಬಂದಿದೆ. ಜೊತೆಗೆ 30 ಗುಂಡು ಹಿಡಿಯುವ 4 ಮ್ಯಾಗಜಿನ್ ಮತ್ತು ಒಂದು ರೆಡ್ ಡಾಟ್ ಸೈಟ್ (ಗುರಿಯ ಮೇಲೆ ಕೆಂಪು ಚುಕ್ಕೆ ತೋರಿಸುವ ಸಾಧನ) ಇವೆ. 400 ರೌಂಡ್ ಮಂಜೂರಾಗಿದೆ. 300 ಮೀಟರ್ ರೇಂಜ್ ಏಪ್ರಿಲ್ ಕೊನೆಯಲ್ಲಿ ಎರಡು ಮುಂಜಾನೆ ಸಿಗುತ್ತದೆ. ಒಬ್ಬರು ಆಗಲೇ 100 ಮೀಟರಿನಿಂದ 3 ರೌಂಡ್ ಹೊಡೆದು, ಮೂರೂ ಬೆಂಕಿಪೊಟ್ಟಣದಷ್ಟು ಜಾಗದಲ್ಲಿ ಬಿದ್ದಿವೆ, ಇನ್ನೇನು ನೋಡುವುದಿದೆ ಅಂದರು. ನಿಜಕ್ಕೂ ಏನೇನು ನೋಡಬೇಕು, ಯಾವ ಕ್ರಮದಲ್ಲಿ?

ಉತ್ತರ: ಮೂರು ಗುಂಡಿನ ಆ ಹಾಳೆಯನ್ನು ಪಕ್ಕಕ್ಕಿಡಿ. ಬೋಲ್ಟ್ ಆಕ್ಷನ್ ರೈಫಲ್ ಆಗಿದ್ದರೆ ಅದಕ್ಕೆ ಒಂದಿಷ್ಟು ಬೆಲೆ ಇರುತ್ತಿತ್ತು. ಅಲ್ಲಿ ಖೋಕಾ, ಅಂದರೆ ಹೊಡೆದ ಮೇಲೆ ಉಳಿಯುವ ಹಿತ್ತಾಳೆಯ ಖಾಲಿ ಕವಚ, ತೆಗೆದು ಹೊಸ ಗುಂಡು ತುಂಬುವ ಕೆಲಸ ಕೈಯದು. ಇಲ್ಲಿ ಗುಂಡು ಹೊರಟ ಗ್ಯಾಸಿನ ಒಂದು ಪಾಲು ಬೋಲ್ಟನ್ನು (ಗುಂಡನ್ನು ಹಿಂದಿನಿಂದ ಮುಚ್ಚಿ ಹಿಡಿಯುವ ಉಕ್ಕಿನ ತುಂಡು) ಹಿಂದಕ್ಕೆ ತಳ್ಳುತ್ತದೆ, ಸ್ಪ್ರಿಂಗ್ ಅದನ್ನು ಮುಂದಕ್ಕೆ ತರುತ್ತದೆ. ಅಷ್ಟರಲ್ಲಿ ಲಾಕ್ ಬಿಚ್ಚಬೇಕು, ಖೋಕಾ ಚೇಂಬರಿನಿಂದ (ಬ್ಯಾರಲಿನ ಹಿಂತುದಿಯಲ್ಲಿ ಗುಂಡು ಕೂರುವ ಜಾಗ) ಸರಿಯಬೇಕು, ಹೊರಗೆ ಸಿಡಿಯಬೇಕು, ಹ್ಯಾಮರ್ (ಪಿನ್ನಿಗೆ ಬಡಿದು ಗುಂಡು ಹಾರಿಸುವ ಭಾಗ) ಮಡಚಬೇಕು, ಹೊಸ ಗುಂಡು ಮ್ಯಾಗಜಿನ್ನಿಂದ ಎದ್ದು ಚೇಂಬರ್ ಸೇರಬೇಕು, ಮತ್ತೆ ಲಾಕ್ ಆಗಬೇಕು. ಇದೆಲ್ಲ ಕಣ್ಣು ಮಿಟುಕಿಸುವುದರೊಳಗೆ, 400 ಸಲವೂ ತಪ್ಪದೆ ನಡೆಯುತ್ತದೆಯೇ ಎಂಬುದೇ ನಿಮ್ಮ ಪರೀಕ್ಷೆ. ಗುರಿ ಎರಡನೆಯ ಪ್ರಶ್ನೆ. ಈ ಕೆಲಸಗಳ ಲೆಕ್ಕವೆಲ್ಲ ಹೊರಗೆ ಬಿದ್ದ ಖೋಕಾದ ಮೈಮೇಲೆ ಬರೆದಿರುತ್ತದೆ. ಹಾಗಾಗಿ ನಾಲ್ಕು ಮ್ಯಾಗಜಿನ್ನಿಗೆ ನಾಲ್ಕು ಚೀಲ ಹೊಲಿಸಿಕೊಂಡು ಹೋಗಿ. ಒಂದು ಖೋಕಾನೂ ಕಲೆಸಬಾರದು.

400 ರೌಂಡನ್ನು ಹೀಗೆ ಹಂಚಬಹುದು. ಮೊದಲ ಮುಂಜಾನೆ ಸುರಕ್ಷತೆಯ ಮೊದಲ ಗುಂಡುಗಳಿಗೆ 8, ಬೋಲ್ಟ್ ತಡೆ ಪರೀಕ್ಷೆಗೆ 12, ಜೀರೋ ಮಾಡಲು (ಸೈಟ್ ತೋರಿಸಿದ ಕಡೆಗೇ ಗುಂಡು ಬೀಳುವಂತೆ ಹೊಂದಿಸಲು) 22, ಗ್ರೂಪಿಂಗಿಗೆ (ಗುಂಡುಗಳು ಎಷ್ಟು ಅಗಲಕ್ಕೆ ಹರಡುತ್ತವೆಂದು ನೋಡಲು) 40. ಎರಡನೆಯ ಮುಂಜಾನೆ ತಣ್ಣನೆಯ ಬ್ಯಾರಲ್‌ನಿಂದ 5, ನಿಲ್ಲದೆ ಓಡುತ್ತದೆಯೇ ಎಂಬ ಓಟದ ಪರೀಕ್ಷೆಗೆ 240, 300 ಮೀಟರಿನಲ್ಲಿ 20, ಕಡೆಯ ಗ್ರೂಪಿಗೆ 10. ಒಟ್ಟು 357. ಉಳಿದ 43ನ್ನು ಕೈ ಹಚ್ಚದೆ ಇಡಿ, ಅವಕ್ಕೆ ಕಡೆಯಲ್ಲಿ ಕೆಲಸವಿದೆ.

ರೇಂಜಿಗೆ ಹೋಗುವ ಹಿಂದಿನ ಸಂಜೆ ಕೋತಿನಲ್ಲಿಯೇ (ಆಯುಧ ಇಡುವ ಕೋಣೆ) ಅರ್ಧ ಪರೀಕ್ಷೆ ಮುಗಿಯುತ್ತದೆ. ಆ ಕೋಣೆಯಲ್ಲಿ ಜೀವಂತ ಗುಂಡು ಒಂದೂ ಇರಬಾರದು. ಕಾರ್ಖಾನೆಯಿಂದ ಬಂದ ಎಣ್ಣೆ ಹೆಚ್ಚಾಗಿ ತುಕ್ಕು ತಡೆಯುವ ದಪ್ಪ ಎಣ್ಣೆ, ಓಡಿಸುವ ಎಣ್ಣೆಯಲ್ಲ. ಅದನ್ನು ಪೂರ್ತಿ ಒರೆಸಿ ತೆಗೆಯಿರಿ. ಬ್ಯಾರಲ್ ಮತ್ತು ಚೇಂಬರಿಗೆ ಒಣ ಚಿಂದಿ ಎಳೆಯಿರಿ. ಬೋಲ್ಟ್ ಕ್ಯಾರಿಯರ್ ಉಜ್ಜುವ ಪಟ್ಟಿಗಳಿಗೆ, ಕ್ಯಾಮ್ ಪಿನ್ನಿಗೆ, ಬೋಲ್ಟಿನ ಹಲ್ಲುಗಳ ಹಿಂಬದಿಗೆ ತೆಳುವಾಗಿ ಎಣ್ಣೆ ಹಚ್ಚಿ. ಚೇಂಬರಿಗೆ, ಗುಂಡುಗಳಿಗೆ, ಮ್ಯಾಗಜಿನ್ ಒಳಗೆ ಹನಿಯೂ ಬೇಡ. ಗುಂಡು ಸಿಡಿದಾಗ ಒಣಗಿದ ಹಿತ್ತಾಳೆ ಚೇಂಬರಿನ ಗೋಡೆಯನ್ನು ಹಿಡಿದುಕೊಂಡು ಒತ್ತಡದಲ್ಲಿ ಪಾಲು ಹೊರುತ್ತದೆ. ನಡುವೆ ಎಣ್ಣೆ ಇದ್ದರೆ ಖೋಕಾ ಜಾರಿ, ಆ ಭಾರವೆಲ್ಲ ಬೋಲ್ಟಿನ ಮುಖದ ಮೇಲೆ ಬೀಳುತ್ತದೆ. ನಮ್ಮ ಕಡೆಯ ಎರೆಮಣ್ಣಿನ ಧೂಳು ಅರಿಶಿನಪುಡಿಯಷ್ಟು ನುಣುಪು, ಎಣ್ಣೆ ಸುರಿದ ಕಡೆ ಮೆತ್ತಿ ಹಿಟ್ಟಾಗುತ್ತದೆ. ಹಾಗೆಂದು ಒಣಗಿಸಿಯೂ ಓಡಿಸಬಾರದು. ಬೇಕಾದದ್ದು ಬೆರಳಿಗೆ ಜಿಡ್ಡು ಹತ್ತಿ, ಹನಿ ಇಳಿಯದಷ್ಟು.

ಆಮೇಲೆ ಟ್ರಿಗರ್. ರೈಫಲ್ ಖಾಲಿ ಇದೆಯೆಂದು ಕಣ್ಣಿನಿಂದಲೂ ಬೆರಳಿನಿಂದಲೂ ನೋಡಿ, ಕಾಕ್ ಮಾಡಿ, ಸೇಫ್ಟಿ ಹಾಕಿ ಟ್ರಿಗರನ್ನು ಜೋರಾಗಿ ಒತ್ತಿ. ಹ್ಯಾಮರ್ ಬೀಳಬಾರದು. ಬೆರಳು ತೆಗೆದು ಸೇಫ್ಟಿ ಸರಿಸಿ. ಆಗಲೂ ಬೀಳಬಾರದು. ಈ ಎರಡನೆಯದನ್ನು ಬಹಳ ಮಂದಿ ಬಿಟ್ಟುಬಿಡುತ್ತಾರೆ, ಕೆಟ್ಟ ಟ್ರಿಗರ್ ಸಿಕ್ಕಿಬೀಳುವುದು ಅಲ್ಲಿಯೇ. ಮುಂದೆ ಟ್ರಿಗರ್ ಒತ್ತಿ ಹ್ಯಾಮರ್ ಬೀಳಿಸಿ, ಬೆರಳು ಬಿಡದೆ ಹಿಡಿದುಕೊಂಡೇ ಬೋಲ್ಟನ್ನು ಒಮ್ಮೆ ಪೂರ್ತಿ ಎಳೆದು ಬಿಡಿ. ಈಗ ನಿಧಾನಕ್ಕೆ ಬೆರಳು ಸಡಿಲಿಸಿದರೆ 'ಟಿಕ್' ಎಂದು ಹ್ಯಾಮರ್ ಡಿಸ್ಕನೆಕ್ಟರಿನಿಂದ (ಬೆರಳು ಒತ್ತಿರುವವರೆಗೆ ಅದನ್ನು ತಡೆಯುವ ಕೊಕ್ಕೆ) ಸಿಯರಿಗೆ (ಮುಂದಿನ ಒತ್ತಿನವರೆಗೆ ಹಿಡಿದಿಡುವ ಕೊಕ್ಕೆ) ಬಂದು ನಿಲ್ಲಬೇಕು. ನಿಲ್ಲದೆ ಬಿದ್ದರೆ ಆ ರೈಫಲ್ ಒಂದು ಒತ್ತಿಗೆ ಎರಡು ಗುಂಡು ಹಾರಿಸಬಲ್ಲದು. ಅದನ್ನು ರೇಂಜಿಗೆ ಒಯ್ಯಬೇಡಿ, ಆರ್ಮರರ್ (ಆಯುಧ ದುರಸ್ತಿ ಮಾಡುವವರು) ಕೈಗೆ ಕೊಡಿ. ಹತ್ತು ಸಲ ಮಾಡಿ, ಹತ್ತೂ ಸಲ ಆ ಟಿಕ್ ಕೇಳಬೇಕು. ಸ್ಪ್ರಿಂಗ್ ತಕ್ಕಡಿ ಇದ್ದರೆ ಟ್ರಿಗರ್ ತೂಕವನ್ನೂ ಅಳೆಯಿರಿ. ಸೇವಾ ರೈಫಲಿಗೆ ಸುಮಾರು 2.5ರಿಂದ 4.3 ಕೆ.ಜಿ. ವಾಡಿಕೆ. ತೂಕಕ್ಕಿಂತ ಅದು ಐದು ಸಲಕ್ಕೂ ಒಂದೇ ಬರುತ್ತದೆಯೇ ಎಂಬುದು ಮುಖ್ಯ. ಹೆಡ್‌ಸ್ಪೇಸನ್ನು (ಬೋಲ್ಟ್ ಲಾಕ್ ಆದಾಗ ಅದರ ಮುಖಕ್ಕೂ ಚೇಂಬರಿಗೂ ಇರುವ ಅಳತೆ) ಗೇಜಿನಿಂದ ಆರ್ಮರರೇ ನೋಡಲಿ. ಹಾಗೆಯೇ ಬ್ಯಾರಲ್ ಮೇಲಿನ ಮುದ್ರೆ ಓದಿ. .223 ರೆಮಿಂಗ್ಟನ್ ಎಂದಷ್ಟೇ ಇದ್ದರೆ ಅದಕ್ಕೆ 5.56ರ ಸೇವಾ ಗುಂಡು ಹಾಕಕೂಡದು. ಹೊರಗಿನಿಂದ ಎರಡೂ ಒಂದೇ ಥರ ಕಂಡರೂ 5.56ರ ಚೇಂಬರಿನಲ್ಲಿ ಗುಂಡಿನ ಮುಂದಿನ ಜಾಗ ಉದ್ದ. ಅದು ಗಿಡ್ಡವಿದ್ದರೆ ಒತ್ತಡ ಮೇಲೇರುತ್ತದೆ.

ಬ್ಯಾರಲಿನ ತಿರುವನ್ನೂ, ಅಂದರೆ ಗುಂಡನ್ನು ಸುತ್ತಿಸುವ ಒಳಗಿನ ಗೆರೆಗಳು ಎಷ್ಟು ಉದ್ದಕ್ಕೆ ಒಂದು ಸುತ್ತು ಹಾಕುತ್ತವೆ ಎಂಬುದನ್ನೂ ಬರೆದುಕೊಳ್ಳಿ. 62 ಗ್ರೇನಿನ, ಅಂದರೆ ಸುಮಾರು 4 ಗ್ರಾಮಿನ ಎಸ್‌ಎಸ್109 ಮಾದರಿಯ ಗುಂಡಿಗೆ 7ರಿಂದ 9 ಇಂಚಿಗೆ ಒಂದು ಸುತ್ತು ಬೇಕು. ಹಳೆಯ 55 ಗ್ರೇನ್ ಗುಂಡಿಗೆಂದು ಮಾಡಿದ 12 ಇಂಚಿನ ತಿರುವಿನಲ್ಲಿ ಇದು ನೆಟ್ಟಗೆ ಹೋಗದೆ ಹಾಳೆಯಲ್ಲಿ ಅಡ್ಡಡ್ಡ ತೂತು ಮಾಡುತ್ತದೆ. 25 ಮೀಟರಿನ ಹಾಳೆಯಲ್ಲಿ ತೂತು ದುಂಡಗಿಲ್ಲದೆ ಬೀಗದ ಕೈ ತೂರಿಸುವ ಕಿಂಡಿಯಂತೆ ಉದ್ದಗಿದ್ದರೆ ಮುಂದಿನ ಲೆಕ್ಕ ಅಲ್ಲಿಗೇ ನಿಲ್ಲಿಸಿ.

ನಾಲ್ಕು ಮ್ಯಾಗಜಿನ್ನಿಗೂ ಬಣ್ಣದಲ್ಲಿ 1, 2, 3, 4 ಎಂದು ಬರೆಯಿರಿ. ಇಡೀ ಪರೀಕ್ಷೆಯಲ್ಲಿ ಇದಕ್ಕಿಂತ ಅಗ್ಗದ, ಇದಕ್ಕಿಂತ ಉಪಯೋಗದ ಕೆಲಸ ಇನ್ನೊಂದಿಲ್ಲ. ತುಟಿಗಳಲ್ಲಿ (ಮೇಲಿನ ಗುಂಡನ್ನು ಹಿಡಿದಿಡುವ ಬಾಯಿಯ ಅಂಚು) ಬಿರುಕಿದೆಯೇ, ಫಾಲೋವರನ್ನು (ಗುಂಡುಗಳನ್ನು ಕೆಳಗಿನಿಂದ ಎತ್ತುವ ತಟ್ಟೆ) ಒಂದು ಮೂಲೆಗೆ ಒತ್ತಿದರೆ ಓರೆಯಾಗಿ ಸಿಕ್ಕಿಕೊಳ್ಳುತ್ತದೆಯೇ ನೋಡಿ. 1999ರ ಕಾರ್ಗಿಲ್ ಸಮಯದಲ್ಲಿ ಸೇನೆಯ ಇನ್ಸಾಸ್ ರೈಫಲಿನ ಪ್ಲಾಸ್ಟಿಕ್ ಮ್ಯಾಗಜಿನ್ ಚಳಿಗೆ ಬಿರುಕು ಬಿಡುತ್ತದೆಂಬ ದೂರು ಬಂದಿತ್ತು. ನಮ್ಮಲ್ಲಿ ಆ ಚಳಿ ಇಲ್ಲ. ಆದರೆ ತುಂಬಿದ ಪ್ಲಾಸ್ಟಿಕ್ ಮ್ಯಾಗಜಿನ್ನನ್ನು ಏಪ್ರಿಲ್ ಬಿಸಿಲಿನ ಜೀಪಿನ ಡ್ಯಾಶ್‌ಬೋರ್ಡ್ ಮೇಲೆ ಮಧ್ಯಾಹ್ನವಿಡೀ ಬಿಟ್ಟರೆ ತುಟಿಗಳು ಅಗಲವಾದಾವು. ತುಂಬಿದ ಮ್ಯಾಗಜಿನ್ನನ್ನು ಮುಚ್ಚಿದ ಬೋಲ್ಟಿನ ಕೆಳಗೆ ತಳ್ಳಿಯೂ ನೋಡಿ. 30 ತುಂಬಿದಾಗ ಮೇಲಿನ ಗುಂಡು ಬೋಲ್ಟಿಗೆ ಒತ್ತಿಕೊಂಡು ಮ್ಯಾಗಜಿನ್ ಕ್ಯಾಚಿಗೆ ಕೂರದೇ ಹೋಗಬಹುದು. 'ಕೂತಿತು' ಎಂದುಕೊಂಡದ್ದು ಮೊದಲ ಗುಂಡಿಗೇ ಕೆಳಗೆ ಬೀಳುತ್ತದೆ. ಕೂರಿಸಿದ ಮೇಲೆ ಕೆಳಕ್ಕೆ ಎಳೆದು ನೋಡುವ ಅಭ್ಯಾಸ ಅದಕ್ಕಾಗಿಯೇ. ನಾಲ್ಕರಲ್ಲಿ ಒಂದು ಮಾತ್ರ ಹೀಗೆ ಮಾಡಿದರೆ ಅದು ಆ ಮ್ಯಾಗಜಿನ್ನಿನ ದೋಷ. ನಾಲ್ಕೂ ಮಾಡಿದರೆ 28 ತುಂಬಿ ಎಂದು ಆದೇಶ ಬರೆಯಬೇಕಾಗುತ್ತದೆ. ಅದೂ ವರದಿಯಲ್ಲಿ ಬರಬೇಕಾದ ಮಾತೇ.

ರೇಂಜಿನ ಬಗ್ಗೆ ಎರಡು ಮಾತು. ನಮ್ಮ ಸೀಮೆಯಲ್ಲಿ ಎಲ್ಲಿ ನೋಡಿದರೂ ಶಹಾಬಾದ್ ಕಲ್ಲು. ಟಾರ್ಗೆಟ್ ಕಂಬ ಅಲುಗಾಡಬಾರದೆಂದು ಬುಡಕ್ಕೆ ಪರಸಿ ತುಂಡು ಇಡುತ್ತಾರೆ. ಬೇಡ. ಸೆಕೆಂಡಿಗೆ 900 ಮೀಟರ್ ವೇಗದಲ್ಲಿ ಬಂದ ಗುಂಡು ಚಪ್ಪಟೆ ಕಲ್ಲಿಗೆ ಓರೆಯಾಗಿ ತಾಗಿದರೆ ಎತ್ತ ಹೋಗುತ್ತದೆಂದು ಯಾರೂ ಹೇಳಲಾರರು. ಮರಳಿನ ಚೀಲ ಇಡಿ. ಟಾರ್ಗೆಟ್ ಹಿಂದೆ ಗುಂಡು ತಡೆಯುವ ದಿಬ್ಬವಾದ ಬಟ್ಟಿನ ಮಣ್ಣಿನಲ್ಲಿ ಎದ್ದಿರುವ ಕಲ್ಲುಗಳನ್ನು ಹಿಂದಿನ ದಿನವೇ ಆರಿಸಿ ತೆಗೆಸಿ. ಎಸ್‌ಎಸ್109 ಗುಂಡಿನ ಮೂತಿಯಲ್ಲಿ ಉಕ್ಕಿನ ತುಂಡಿರುವುದರಿಂದ ಕಬ್ಬಿಣದ ತಟ್ಟೆ ಟಾರ್ಗೆಟ್ಟಿನ ಆಸೆಯನ್ನೂ ಬಿಡಿ. ಕಿವಿಗೆ ಒಳಗೆ ಫೋಮ್, ಹೊರಗೆ ಮಫ್, ಎರಡೂ ಇರಲಿ. ಈ ರೈಫಲಿನ ತುದಿಯಲ್ಲಿ ಮಜಲ್ ಬ್ರೇಕ್ (ಗ್ಯಾಸನ್ನು ಪಕ್ಕಕ್ಕೆ ತಿರುಗಿಸಿ ಒದೆತ ತಗ್ಗಿಸುವ ತುಂಡು) ಇದ್ದರೆ ಪಕ್ಕದ ಪಾಯಿಂಟಿನವನ ಕಿವಿಗೆ ಹೊಡೆಯುವವನಿಗಿಂತ ಹೆಚ್ಚು ಪೆಟ್ಟು.

ಮೊದಲ ಮುಂಜಾನೆ ಬೆಳಕಾಗುತ್ತಿದ್ದಂತೆ ಶುರುಮಾಡಿ. ಎರೆಭೂಮಿ ಬಿಸಿಲನ್ನು ಹೀರಿ ಬಹಳ ಬೇಗ ಕಾಯುತ್ತದೆ. ಒಂಬತ್ತು ಗಂಟೆಗೆಲ್ಲ ಟಾರ್ಗೆಟ್ ನೀರಿನೊಳಗೆ ನಿಂತಂತೆ ಕುಣಿಯುತ್ತದೆ. ಆ ಬಿಸಿಗಾಳಿಯ ಹರಿವು ಗುರಿಯನ್ನೇ ಅದಿರುವ ಜಾಗದಿಂದ ಸರಿದಂತೆ ತೋರಿಸುತ್ತದೆ. ಹಾಗಾಗಿ ಗ್ರೂಪಿಂಗ್ ಆರೂವರೆಯಿಂದ ಎಂಟೂವರೆಯೊಳಗೆ ಮುಗಿಯಬೇಕು. ಖೋಕಾದ ಪರೀಕ್ಷೆಗೆ ಬಿಸಿಲು ಅಡ್ಡಿಯಲ್ಲ, ಬೇಕು ಕೂಡ.

ಮೊದಲ ಮ್ಯಾಗಜಿನ್ನಿಗೆ ಒಂದೇ ಗುಂಡು ಹಾಕಿ ಹೊಡೆಯಿರಿ. ಮುಂದಿನದಕ್ಕೆ ಎರಡು. ಆಮೇಲೆ ಐದು. ಟ್ರಿಗರ್ ದೋಷವಿದ್ದು ಗುಂಡು ತಾನಾಗಿ ಹಾರಿದರೂ ಎರಡರಲ್ಲೇ ನಿಲ್ಲಲಿ ಎಂಬುದಕ್ಕೆ ಈ ಕ್ರಮ. ಒಂದು ಒತ್ತಿಗೆ ಎರಡು ಸದ್ದು ಕೇಳಿದರೆ 'ಇನ್ನೊಮ್ಮೆ ನೋಡೋಣ' ಎನ್ನಬೇಡಿ, ಪರೀಕ್ಷೆ ಮುಗಿಯಿತು. ಇನ್ನೊಂದು ಎಚ್ಚರವಿದೆ. ಸದ್ದು 'ಪುಸ್' ಎಂದು ಸಣ್ಣಗೆ ಬಂದು ಬೋಲ್ಟ್ ಓಡದಿದ್ದರೆ, ರೂಢಿಯಾದ ಕೈ ತಕ್ಷಣ ಮ್ಯಾಗಜಿನ್ ತಟ್ಟಿ ಬೋಲ್ಟ್ ಎಳೆಯಲು ಹೋಗುತ್ತದೆ. ಆ ಕೈಯನ್ನು ತಡೆಯಿರಿ. ಗುಂಡು ಬ್ಯಾರಲಿನ ನಡುವೆಯೇ ಸಿಕ್ಕಿರಬಹುದು, ಹಿಂದೆ ಇನ್ನೊಂದು ಹಾರಿದರೆ ಬ್ಯಾರಲ್ ಒಡೆಯುತ್ತದೆ. ಬ್ಯಾರಲ್ ಇನ್ನೂ ತಣ್ಣಗಿರುವ ಈ ಹಂತದಲ್ಲಿ ಸದ್ದೇ ಬಾರದಿದ್ದರೆ ಮೂತಿಯನ್ನು ಬಟ್ಟಿನತ್ತಲೇ ಇಟ್ಟು 30 ಸೆಕೆಂಡ್ ಕಾಯಿರಿ.

ಇನ್ನು 12 ರೌಂಡಿನ ಪರೀಕ್ಷೆ. ನಾಲ್ಕು ಮ್ಯಾಗಜಿನ್ನಿಗೂ ಒಂದೊಂದೇ ಗುಂಡು ಹಾಕಿ ತಲಾ ಮೂರು ಸಲ ಹೊಡೆಯಿರಿ. ಪ್ರತಿಸಲವೂ ಬೋಲ್ಟ್ ಹಿಂದೆ ಹೋಗಿ ತೆರೆದೇ ನಿಲ್ಲಬೇಕು. ಖೋಕಾ ಹೊರಬಿದ್ದೂ ಬೋಲ್ಟ್ ನಿಲ್ಲದೆ ಮುಚ್ಚಿಕೊಂಡರೆ ಅದು ಕೊನೆಯವರೆಗೂ ಹಿಂದೆ ಹೋಗಿಲ್ಲ, ಗ್ಯಾಸಿನ ಬಲ ಸಾಲದು ಎಂದರ್ಥ. ಆದರೆ ಒಂದೇ ಮ್ಯಾಗಜಿನ್ನಿನಲ್ಲಿ ಹೀಗಾದರೆ ಆ ಫಾಲೋವರ್ ಬೋಲ್ಟ್ ಕ್ಯಾಚನ್ನು (ಬೋಲ್ಟನ್ನು ತೆರೆದು ಹಿಡಿಯುವ ಕೊಕ್ಕೆ) ಎತ್ತುತ್ತಿಲ್ಲ ಅಷ್ಟೇ. ನಂಬರ್ ಬರೆದಿದ್ದರ ಫಲ ಇಲ್ಲಿಂದಲೇ ಸಿಗುತ್ತದೆ. ಎಸ್‌ಎಲ್‌ಆರ್ (ಹಳೆಯ 7.62 ಮಿ.ಮೀ. ಸೆಲ್ಫ್ ಲೋಡಿಂಗ್ ರೈಫಲ್) ಕಾಲದವರಿಗೆ ಗ್ಯಾಸ್ ಹೊಂದಿಸುವ ಕೆಲಸ ಗೊತ್ತು. ಇಷಾಪುರದ 1ಎ1 ರೈಫಲಿನಲ್ಲಿ ಬೋಲ್ಟಿಗೆ ಸಿಗುವ ಗ್ಯಾಸನ್ನು ಹೆಚ್ಚು ಕಡಿಮೆ ಮಾಡುವ ರೆಗ್ಯುಲೇಟರನ್ನು ತಿರುಗಿಸಿ ಹೊಂದಿಸುತ್ತಿದ್ದರು. ನಿಮ್ಮ ಹೊಸ ರೈಫಲಿಗೂ ರೆಗ್ಯುಲೇಟರ್ ಇದ್ದರೆ ಅದನ್ನು ಸಾಮಾನ್ಯ ಸ್ಥಾನದಲ್ಲಿಯೇ ಇಟ್ಟು ಪರೀಕ್ಷಿಸಿ. ಕೊಳೆ ಹಿಡಿದಾಗಿನ ದೊಡ್ಡ ಸ್ಥಾನಕ್ಕೆ ಹಾಕಿ 'ಏನೂ ತೊಂದರೆ ಇಲ್ಲ' ಎನ್ನುವುದು, ಜ್ವರದ ಗುಳಿಗೆ ನುಂಗಿ ಥರ್ಮಾಮೀಟರ್ ಇಟ್ಟುಕೊಂಡಂತೆ.

ಬಲಗಡೆ ಒಂದು ಬಿಳಿ ತಾಡಪತ್ರಿ ಹಾಸಿ. ಮೂತಿಯನ್ನು ಗಡಿಯಾರದ 12 ಎಂದಿಟ್ಟುಕೊಂಡರೆ, ಬಲಕ್ಕೆ ಖೋಕಾ ಎಸೆಯುವ ಏಆರ್ (ಎಂ16 ಜಾತಿಯ) ಮಾದರಿಯ ರೈಫಲಿನಲ್ಲಿ ಅವು 3ರಿಂದ 4ರ ದಿಕ್ಕಿನಲ್ಲಿ ಕೆಲವು ಅಡಿ ದೂರ ಒಂದು ರಾಶಿಯಾಗಿ ಬಿದ್ದರೆ ನೆಮ್ಮದಿ. ಮುಂದಕ್ಕೆ, 1ರಿಂದ 2ರ ಕಡೆ ದೂರ ಹಾರಿದರೆ ಗ್ಯಾಸ್ ಹೆಚ್ಚಾಗಿ ಬೋಲ್ಟ್ ಅತಿ ವೇಗವಾಗಿ ಓಡುತ್ತಿದೆ. ಹಿಂದಕ್ಕೆ, 5ರ ಕಡೆ ಸೋತು ಬಿದ್ದರೆ ಬಲ ಕಡಿಮೆ. ಖೋಕಾವನ್ನು ಹೊರಗೆ ಚಿಮ್ಮಿಸುವ ಎಜೆಕ್ಟರಿನ ಸ್ಪ್ರಿಂಗ್, ಅದು ಬಡಿದು ತಿರುಗುವ ಡಿಫ್ಲೆಕ್ಟರಿನ ಆಕಾರ ಕೂಡ ದಿಕ್ಕನ್ನು ಬದಲಿಸುತ್ತವೆ, ಆದ್ದರಿಂದ ಗಡಿಯಾರ ಸುಳಿವು ಮಾತ್ರ. ರಾಶಿ ಒಂದೆಡೆ ಇದೆಯೋ, ಮದುವೆಯ ಅಕ್ಷತೆಯಂತೆ ನಾಲ್ಕೂ ಕಡೆ ಚೆಲ್ಲಿದೆಯೋ ಎಂಬುದೇ ಹೆಚ್ಚು ಹೇಳುತ್ತದೆ.

ಒಂದು ಖೋಕಾ ಎತ್ತಿ ಬೆಳಕಿಗೆ ಹಿಡಿಯಿರಿ. ಮೊದಲು ತಳದ ಅಂಚು. ಅಲ್ಲಿ ಎಕ್ಸ್‌ಟ್ರಾಕ್ಟರ್ (ಖೋಕಾವನ್ನು ಚೇಂಬರಿನಿಂದ ಎಳೆಯುವ ಕೊಕ್ಕೆ) ಹಿಡಿದ ಸಣ್ಣ ಗೀರು ಸಹಜ. ಅಂಚು ಬಾಗಿದ್ದರೆ, ಹರಿದಿದ್ದರೆ, ಖೋಕಾ ಇನ್ನೂ ಚೇಂಬರಿನ ಗೋಡೆಗೆ ಅಂಟಿರುವಾಗಲೇ ಆ ಕೊಕ್ಕೆ ಅದನ್ನು ಕಿತ್ತಿದೆ. ಕಾರಣ ಒಂದೋ ಗ್ಯಾಸ್ ಹೆಚ್ಚಾಗಿ ಲಾಕ್ ಬೇಗ ಬಿಚ್ಚುತ್ತಿದೆ, ಇಲ್ಲವೇ ಚೇಂಬರ್ ಒರಟಾಗಿದೆ. ಒರಟು ಚೇಂಬರಾದರೆ ಖೋಕಾದ ಹೊಟ್ಟೆಯ ಮೇಲೆ ಉದ್ದುದ್ದ ಗೀರುಗಳೂ ಇರುತ್ತವೆ. ತಳದ ಚಪ್ಪಟೆ ಮುಖದಲ್ಲಿ ಹೊಳೆಯುವ ದುಂಡು ಕಲೆ ಒಂದು ಬದಿಗೆ ಬಳಿದಂತಿದ್ದರೆ ಎಜೆಕ್ಟರಿನ ತೂತಿಗೆ ಹಿತ್ತಾಳೆ ಒತ್ತಿ ತಿರುಗಿದೆ, ಒತ್ತಡ ಹೆಚ್ಚು. ಈಗ ಕ್ಯಾಪು, ಅಂದರೆ ತಳದ ನಡುವೆ, ಪಿನ್ನು ಬಡಿದಾಗ ಕಿಡಿ ಕೊಡುವ ಸಣ್ಣ ಬಟ್ಟಲು. ಪಿನ್ನಿನ ಗುಳಿ ನಡುವಿನಲ್ಲಿ, ಆಳವಾಗಿ, ಎಲ್ಲದರಲ್ಲೂ ಒಂದೇ ಬಗೆ ಇರಬೇಕು. ತೂತು ಬಿದ್ದ ಕ್ಯಾಪು ಒಂದೇ ಒಂದು ಸಿಕ್ಕರೂ ಪರೀಕ್ಷೆ ನಿಲ್ಲಿಸಿ ಬೋಲ್ಟ್ ಬಿಚ್ಚಿಸಿ. ಹೊಡೆಯದೆ ಚೇಂಬರಿಗೆ ಏರಿಸಿ ಇಳಿಸಿದ ಗುಂಡಿನ ಕ್ಯಾಪಿನ ಮೇಲೆ ಸೂಜಿ ತಾಗಿದಷ್ಟು ಚುಕ್ಕೆ ಕಂಡರೆ ಗಾಬರಿಯಾಗಬೇಡಿ. ಪಿನ್ನಿಗೆ ಸ್ಪ್ರಿಂಗ್ ಇಲ್ಲದ ವಿನ್ಯಾಸದಲ್ಲಿ ಅದು ಸಹಜ. ಅದೇ ಗುಂಡನ್ನು ಪದೇ ಪದೇ ಏರಿಸಿ ಇಳಿಸುವುದು ಮಾತ್ರ ಸಲ್ಲದು.

ಜೀರೋ ಬಗ್ಗೆ ಜಾಸ್ತಿ ಬರೆಯಬೇಕಿಲ್ಲ, ನಿಮಗೆ ತಿಳಿದದ್ದೇ. 25 ಮೀಟರಿನಲ್ಲಿ ಹಾಳೆಗೆ ತಂದು, 50ರಲ್ಲಿ ಕೂರಿಸಿ, 100ರಲ್ಲಿ ಖಚಿತ ಮಾಡಿ. ಡಾಟ್ ಬ್ಯಾರಲಿಗಿಂತ ಸುಮಾರು 6.5 ಸೆಂ.ಮೀ. ಮೇಲಿದ್ದು 50 ಮೀಟರಿಗೆ ಜೀರೋ ಆದರೆ, ಗುಂಡು 200 ಮೀಟರಿನ ಆಸುಪಾಸಿನಲ್ಲಿ ಮತ್ತೆ ದೃಷ್ಟಿರೇಖೆಗೆ ಬರುತ್ತದೆ. 5 ಮೀಟರಿನಲ್ಲಿ 5-6 ಸೆಂ.ಮೀ. ಕೆಳಗೆ ತಾಗುತ್ತದೆ, ಸಿಬ್ಬಂದಿಗೆ ಇದನ್ನು ತೋರಿಸಿಯೇ ಕಲಿಸಬೇಕು. ಮೌಂಟಿನ ಸ್ಕ್ರೂಗಳಿಗೆ ತಯಾರಕರು ಹೇಳಿದ ಬಿಗಿ ಕೊಟ್ಟು, ತಲೆಯಿಂದ ಬುಡಕ್ಕೆ ಒಂದು ಬಣ್ಣದ ಗೆರೆ ಎಳೆಯಿರಿ. ಗೆರೆ ಮುರಿದಿದ್ದರೆ ಸ್ಕ್ರೂ ಸಡಿಲಾಗಿದೆ. ಇಲ್ಲದಿದ್ದರೆ ಮರುದಿನ ಜೀರೋ ಸರಿದಾಗ ಬ್ಯಾರಲನ್ನು ಬೈಯುತ್ತಾ ಕೂರುತ್ತೀರಿ.

ಈಗ ಆ ಮೂರು ಗುಂಡಿನ ಹಾಳೆಯ ಲೆಕ್ಕ. ಒಂದೇ ರೈಫಲಿನಿಂದ ಬಹಳಷ್ಟು ಗ್ರೂಪ್ ಹೊಡೆದು ಸರಾಸರಿ ತೆಗೆದರೆ, 3 ಗುಂಡಿನ ಗ್ರೂಪ್ 10 ಗುಂಡಿನ ಗ್ರೂಪಿನ ಶೇ 63ರಷ್ಟೇ ಅಗಲ ಬರುತ್ತದೆ. 5 ಗುಂಡಿನದ್ದು ಶೇ 80ರಷ್ಟು. ಅಂದರೆ 10 ಸೆಂ.ಮೀ. ಹರಡುವ ರೈಫಲ್ ಮೂರು ಗುಂಡಿಗೆ ಸರಾಸರಿ 6.3 ಸೆಂ.ಮೀ. ತೋರಿಸುತ್ತದೆ, ಅದೃಷ್ಟದ ದಿನ ಬೆಂಕಿಪೊಟ್ಟಣದೊಳಗೂ ತೂರಿಸುತ್ತದೆ. ಹಾಗಾಗಿ 10 ಗುಂಡಿನ 4 ಗ್ರೂಪ್ ಹೊಡೆಯಿರಿ, 100 ಮೀಟರಿನಿಂದ, ಮರಳಿನ ಚೀಲವನ್ನು ಹ್ಯಾಂಡ್‌ಗಾರ್ಡಿನ ಕೆಳಗಿಟ್ಟು. ಬ್ಯಾರಲಿಗೆ ಚೀಲ ತಾಗಬಾರದು. 2 ಮಿನಿಟ್ ಕೋನದ (ಒಂದು ಡಿಗ್ರಿಯ 60ರಲ್ಲಿ 2 ಪಾಲು) ರೆಡ್ ಡಾಟ್ 100 ಮೀಟರಿನಲ್ಲಿ ಸುಮಾರು 6 ಸೆಂ.ಮೀ. ಮುಚ್ಚುತ್ತದೆ. ಬೆಳಕನ್ನು ಸಣ್ಣದಾಗಿಸಿ, ದೊಡ್ಡ ಕಪ್ಪು ವೃತ್ತದ ಬದಲು ಅಂಚು ಕಾಣುವ ಚೌಕ ಬಳಸಿ. ಸಾಧ್ಯವಿದ್ದರೆ ಈ 40 ರೌಂಡಿಗೆ ಮಾತ್ರ ಒಂದು ಸ್ಕೋಪ್ ಎರವಲು ತನ್ನಿ. ಸಾಮಾನ್ಯ ಬಾಲ್ ಗುಂಡಿನಿಂದ 10 ಗುಂಡು 12 ಸೆಂ.ಮೀ. ಒಳಗೆ ಬಂದರೆ ಸೇವೆಗೆ ಸಾಕು, 7-8 ಬಂದರೆ ಬಹಳ ಒಳ್ಳೆಯ ರೈಫಲ್. 'ಇದು ನನ್ನ ತಪ್ಪಿನಿಂದ ಹಾರಿದ್ದು' ಎಂದು ಯಾವ ತೂತನ್ನೂ ಲೆಕ್ಕದಿಂದ ಬಿಡಬೇಡಿ. ತಪ್ಪು ಹೊಡೆತವನ್ನು ಹಾಳೆ ನೋಡುವ ಮೊದಲೇ, ಟ್ರಿಗರ್ ಬಿಟ್ಟ ಕ್ಷಣವೇ ಕೂಗಿ ಹೇಳಿದ್ದರೆ ಬೇರೆ ಮಾತು.

ಕ್ರೋನೊಗ್ರಾಫ್ ಸಿಕ್ಕರೆ ಈ 40ರಲ್ಲೇ 10ರ ವೇಗ ತೆಗೆದುಕೊಳ್ಳಿ. 62 ಗ್ರೇನ್ ಗುಂಡು 20 ಇಂಚಿನ ಬ್ಯಾರಲಿನಿಂದ ಸೆಕೆಂಡಿಗೆ 920-940 ಮೀಟರಿನ ಸುತ್ತಮುತ್ತ ಹೊರಡುತ್ತದೆ, ಗಿಡ್ಡ ಬ್ಯಾರಲಾದಷ್ಟೂ ಇಳಿಯುತ್ತದೆ. ಗಾಳಿಗೆ ಹಳೆಯ ಪಂಚೆಯ ಅಂಚು ಹರಿದು 50ಕ್ಕೂ 100ಕ್ಕೂ ಕಟ್ಟಿದರೆ ಸಾಕು. ತಾಸಿಗೆ 16 ಕಿ.ಮೀ. ಅಡ್ಡಗಾಳಿ 100 ಮೀಟರಿನಲ್ಲಿ ಗುಂಡನ್ನು 3 ಸೆಂ.ಮೀ. ಸರಿಸಿದರೆ 300ರಲ್ಲಿ 30 ಸೆಂ.ಮೀ. ಆಸುಪಾಸು ಸರಿಸುತ್ತದೆ. ಆ 20 ರೌಂಡನ್ನು ಗಾಳಿ ಏಳುವ ಮೊದಲೇ ಮುಗಿಸಿ.

ಎರಡನೆಯ ಮುಂಜಾನೆ ರೈಫಲನ್ನು ಒರೆಸದೆಯೇ ತನ್ನಿ. ಮೊದಲ 5 ಗುಂಡು ತಣ್ಣನೆಯ ಬ್ಯಾರಲ್‌ನಿಂದ ನಿನ್ನೆಯ ಜೀರೋ ನಿಂತಿದೆಯೇ ನೋಡಲು. 300 ಮೀಟರಿನದು ಮುಗಿದ ಮೇಲೆ 240ರ ಓಟ. ಪ್ರತಿ ಮ್ಯಾಗಜಿನ್ ಎರಡು ಸಲ, ಪೂರ್ತಿ 30 ತುಂಬಿ. ಮೊದಲ ಸುತ್ತು ನಿಂತು, ಮಂಡಿಯೂರಿ, ಮಲಗಿ. ಎರಡನೆಯ ಸುತ್ತಿನಲ್ಲಿ ರೈಫಲನ್ನು ಎಡಕ್ಕೆ ಬಲಕ್ಕೆ ಓರೆ ಮಾಡಿ, ಭುಜಕ್ಕೆ ಸಡಿಲವಾಗಿ ಹಿಡಿದು, ಎಡಗೈಯವರಿಂದ ಹೊಡೆಸಿ. ಸಡಿಲ ಹಿಡಿತದಲ್ಲಿ ಮಾತ್ರ ನಿಲ್ಲುವ ರೈಫಲಿಗೆ ಗ್ಯಾಸಿನ ಬಲ ಅಂಚಿನಲ್ಲಿದೆ. ವೇಗ ನಿಮಿಷಕ್ಕೆ 12ರಿಂದ 15 ಗುಂಡು ಮೀರದಿರಲಿ. ಎರಡು ಮ್ಯಾಗಜಿನ್ ಆದ ಮೇಲೆ ಬೋಲ್ಟ್ ತೆರೆದು ನೆರಳಿನಲ್ಲಿ ಹತ್ತು ನಿಮಿಷ ಇಡಿ. ಎಂ16 ಜಾತಿಯ ರೈಫಲಿನಲ್ಲಿ ಬಿಡುವಿಲ್ಲದೆ ವೇಗವಾಗಿ 140 ಗುಂಡು ಹೊಡೆದರೆ ಚೇಂಬರಿನಲ್ಲಿ ಉಳಿದ ಗುಂಡು ಬಿಸಿಗೆ ತಾನಾಗಿ ಹಾರುವ ಮಟ್ಟ ಮುಟ್ಟುತ್ತದೆ. ಬಿಸಿ ಚೇಂಬರಿನಲ್ಲಿ ಹಾರದ ಗುಂಡು ಸಿಕ್ಕರೆ ಹತ್ತು ಸೆಕೆಂಡಿನೊಳಗೆ ತೆಗೆಯಿರಿ. ಆಗದಿದ್ದರೆ ಮೂತಿ ಬಟ್ಟಿನತ್ತ ಇರಿಸಿ ಹದಿನೈದು ನಿಮಿಷ ಯಾರೂ ಮುಟ್ಟಬೇಡಿ.

ಇಲ್ಲಿ ಬಿಸಿಲಿನ ಪಾಲನ್ನು ಹೇಳಬೇಕು. ಮದ್ದಿನ ಬಿಸಿ ಏರಿದಂತೆ ಗುಂಡಿನ ವೇಗ ಪ್ರತಿ ಡಿಗ್ರಿಗೆ ಸೆಕೆಂಡಿಗೆ ಅರ್ಧ ಮೀಟರಿನಷ್ಟು ಏರುವುದು ಸಾಮಾನ್ಯ. 20 ಡಿಗ್ರಿ ವ್ಯತ್ಯಾಸಕ್ಕೆ 10 ಮೀಟರ್. 300 ಮೀಟರಿನ ಗುರಿಯಲ್ಲಿ ಇದು ಒಂದೆರಡು ಸೆಂ.ಮೀ. ಅಷ್ಟೇ, ಮರೆತುಬಿಡಿ. ಬೀದರ್ ಯಾದಗಿರಿಗಿಂತ ಸುಮಾರು 300 ಮೀಟರ್ ಎತ್ತರದಲ್ಲಿದೆ, ಅಲ್ಲಿ ಜೀರೋ ಬದಲಿಸಬೇಕೇ ಎಂದು ಕೇಳುವವರಿಗೂ ಇದೇ ಉತ್ತರ. ಮರೆಯಬಾರದ್ದು ಒತ್ತಡವನ್ನು. ಗುಂಡಿನ ಪೆಟ್ಟಿಗೆ ಕೈ ಸುಡುವಷ್ಟು ಕಾದಿದ್ದರೆ ಬೆಳಿಗ್ಗೆ 3ರ ದಿಕ್ಕಿಗೆ ಬೀಳುತ್ತಿದ್ದ ಖೋಕಾ ಹತ್ತು ಗಂಟೆಗೆ 2ಕ್ಕೆ ಸರಿಯುತ್ತದೆ, ಅಂಚು ಬಾಗತೊಡಗುತ್ತದೆ. ಇದೇ ರೈಫಲ್ ಡಿಸೆಂಬರಿನಲ್ಲಿ ಬೀದರಿನ ಚಳಿ ಮುಂಜಾನೆ ಇನ್ನೊಂದು ತುದಿಗೆ ಹೋಗಿ ಬೋಲ್ಟ್ ಪೂರ್ತಿ ಹಿಂದೆ ಸರಿಯದಿರಬಹುದು. ಏಪ್ರಿಲ್ ಪರೀಕ್ಷೆ ಅರ್ಧ ವರ್ಷದ ಪರೀಕ್ಷೆ ಮಾತ್ರ ಎಂದು ವರದಿಯಲ್ಲಿ ಬರೆದು, ಚಳಿಯಲ್ಲಿ 60 ರೌಂಡ್ ಕೇಳಿಡಿ. ಸದ್ಯಕ್ಕೆ ಪೆಟ್ಟಿಗೆಯನ್ನು ಮರದ ನೆರಳಿಗೆ ಇಡಿ. ಒಂದು ಮ್ಯಾಗಜಿನ್ನಿನ ಗುಂಡನ್ನು ಮಾತ್ರ, ಬೇಕೆಂದೇ, ಹತ್ತು ಗಂಟೆಗೆ ಹೊಡೆಯಿರಿ. ಎರಡು ಚೀಲದ ಖೋಕಾ ಪಕ್ಕಪಕ್ಕ ಇಟ್ಟರೆ ವ್ಯತ್ಯಾಸ ಕಣ್ಣಿಗೇ ಕಾಣುತ್ತದೆ.

ನಿಲುಗಡೆ ಆದಾಗಲೆಲ್ಲ ಕೈ ಹಾಕುವ ಮೊದಲು ಬೆರಳು ಟ್ರಿಗರಿನಿಂದ ತೆಗೆದು, ಒಳಗೆ ನೋಡಿ, ಫೋನಿನಲ್ಲಿ ಒಂದು ಚಿತ್ರ ಹಿಡಿಯಿರಿ. ಖೋಕಾ ಕಿಂಡಿಯಲ್ಲಿ ಚಿಮಣಿಯಂತೆ ನಿಂತಿದ್ದರೆ ಎಜೆಕ್ಟರ್ ಅಥವಾ ಬಲದ ಕೊರತೆ. ಖೋಕಾ ಚೇಂಬರಿನಲ್ಲೇ ಉಳಿದು ಹೊಸ ಗುಂಡು ಅದರ ಬೆನ್ನಿಗೆ ತಿವಿದಿದ್ದರೆ ಎಕ್ಸ್‌ಟ್ರಾಕ್ಟರ್ ಅಥವಾ ಚೇಂಬರ್. ಬೋಲ್ಟ್ ಮುಚ್ಚಿದೆ, ಚೇಂಬರ್ ಖಾಲಿ, ಮ್ಯಾಗಜಿನ್ನಿನಲ್ಲಿ ಗುಂಡಿದೆ ಎಂದಾದರೆ ಬೋಲ್ಟ್ ಗುಂಡಿನ ತಲೆಯ ಮೇಲೆ ಹಾದುಹೋಗಿದೆ. ಮ್ಯಾಗಜಿನ್ ಕೆಳಗೆ ಕೂತಿರಬಹುದು, ಸ್ಪ್ರಿಂಗ್ ಸೋತಿರಬಹುದು, ಬೋಲ್ಟ್ ಅತಿ ವೇಗದಲ್ಲಿರಬಹುದು. ಪುಸ್ತಕದಲ್ಲಿ ಗುಂಡಿನ ಸಂಖ್ಯೆ, ಮ್ಯಾಗಜಿನ್ ಸಂಖ್ಯೆ, ಭಂಗಿ, ಹೊತ್ತು, ಹೊಡೆದವರು ಯಾರು, ಐದೂ ಬರೆಯಿರಿ. ಒಂದೇ ಮ್ಯಾಗಜಿನ್ನಿನಲ್ಲಿ ಮೂರು ಸಲವಾದರೆ ಅದನ್ನು ಪಕ್ಕಕ್ಕಿಡಿ, ರೈಫಲನ್ನು ದೂರಬೇಡಿ. ನಾಲ್ಕರಲ್ಲೂ ಚದುರಿದ್ದರೆ ರೈಫಲ್ ಅಥವಾ ಗುಂಡಿನ ಲಾಟ್. ಒಬ್ಬರ ಕೈಯಲ್ಲೇ ಆದರೆ ಅವರ ಹೆಬ್ಬೆರಳು ಎಲ್ಲಿದೆ ನೋಡಿ, ಬೋಲ್ಟ್ ಕ್ಯಾಚಿಗೋ ಮ್ಯಾಗಜಿನ್ ಬಿಡಿಸುವ ಬಟನ್ನಿಗೋ ತಾಗುತ್ತಿರಬಹುದು.

240ಕ್ಕೆ 240 ಓಡಿದರೆ ಏನೆನ್ನಬೇಕು? ಎಲ್ಲರೂ 'ನೂರಕ್ಕೆ ನೂರು' ಎಂದು ಬರೆಯುವ ಜಾಗ ಇದು. ಒಂದೂ ನಿಲುಗಡೆ ಕಾಣದಿದ್ದಾಗ ಸಂಖ್ಯಾಶಾಸ್ತ್ರದವರು 3ನ್ನು ಗುಂಡಿನ ಸಂಖ್ಯೆಯಿಂದ ಭಾಗಿಸುತ್ತಾರೆ. 3 ಭಾಗ 240, ಅಂದರೆ ಶೇ 1.25. ನಿಜವಾದ ನಿಲುಗಡೆ 80 ಗುಂಡಿಗೆ ಒಂದಕ್ಕಿಂತ ಕೆಟ್ಟದಾಗಿಲ್ಲ ಎಂದು ಶೇ 95ರ ಭರವಸೆಯಿಂದ ಹೇಳಬಹುದು, ಅದಕ್ಕಿಂತ ಹೆಚ್ಚು ಹೇಳಲಾಗದು. ಅದೂ ಈ ಒಂದು ರೈಫಲಿನ ಬಗ್ಗೆ. ನಮೂನೆಗೆಂದು ಕಳಿಸಿದ್ದು ಯಾವಾಗಲೂ ಆರಿಸಿ ಕಳಿಸಿದ್ದೇ. ಖರೀದಿಯ ಮಾತು ಬಂದರೆ ಪೆಟ್ಟಿಗೆಯಿಂದ ನೀವೇ ಎತ್ತಿದ ಇನ್ನೆರಡಕ್ಕೆ ಇದೇ ಓಟ ಬೇಕೆಂದು ಕೇಳಿ.

ಓದುವವರಲ್ಲಿ ಸ್ವಂತ ಲೈಸೆನ್ಸ್ ಇರುವವರೂ ಇರುತ್ತಾರೆ. 2016ರ ಶಸ್ತ್ರಾಸ್ತ್ರ ನಿಯಮಗಳು ಸೆಮಿ-ಆಟೊಮ್ಯಾಟಿಕ್ ಬಂದೂಕುಗಳನ್ನು ಸಾಮಾನ್ಯವಾಗಿ ನಿರ್ಬಂಧಿತ ವರ್ಗದಲ್ಲಿ ಇಟ್ಟಿವೆ. ಇಲ್ಲಿ ಹೇಳಿದ್ದು ಇಲಾಖೆಯ ರೈಫಲಿಗೆ, ಇಲಾಖೆಯ ರೇಂಜಿಗೆ.

ಓಟ ಮುಗಿದ ಕೂಡಲೇ, ಬ್ಯಾರಲ್ ಬಿಸಿ ಇರುವಾಗಲೇ 100 ಮೀಟರಿನಿಂದ ಕಡೆಯ 10. ಗ್ರೂಪ್ ಅಗಲವಾಗುವುದು ಸಹಜ, ಅದರ ನಡುಬಿಂದು ಎಷ್ಟು ಸರಿದಿದೆ ಅಳೆಯಿರಿ. 3-4 ಸೆಂ.ಮೀ. ಒಳಗಿದ್ದರೆ ತಲೆಕೆಡಿಸಿಕೊಳ್ಳಬೇಡಿ. ಜಾಸ್ತಿ ಇದ್ದರೆ ಮೊದಲು ಬಣ್ಣದ ಗೆರೆ, ಆಮೇಲೆ ಹ್ಯಾಂಡ್‌ಗಾರ್ಡ್ ಬ್ಯಾರಲಿಗೆ ತಾಗುತ್ತಿದೆಯೇ, ಸ್ಲಿಂಗ್ ಎಳೆದಾಗ ಬಾಗುತ್ತಿದೆಯೇ ನೋಡಿ. ಸಂಜೆ ಬಿಚ್ಚಿದಾಗ ಬೋಲ್ಟಿನ ಹಲ್ಲುಗಳ ಬುಡ, ಕ್ಯಾಮ್ ಪಿನ್ನಿನ ತೂತಿನ ಅಂಚು, ಎಕ್ಸ್‌ಟ್ರಾಕ್ಟರಿನ ತುದಿ ಇವುಗಳ ಮೇಲೆ ಉಗುರು ಎಳೆಯಿರಿ. ಕಣ್ಣಿಗೆ ಕಾಣದ ಕೂದಲೆಳೆ ಬಿರುಕು ಕೆಲವೊಮ್ಮೆ ಉಗುರಿಗೆ ತಟ್ಟಬಹುದು.

ಉಳಿದ 43 ಇದೆಯಲ್ಲ. ನಿಲುಗಡೆ ಕಂಡಿದ್ದರೆ ಒಂದೇ ಒಂದು ಸಂಗತಿ ಬದಲಿಸಿ, ಮ್ಯಾಗಜಿನ್ ಅಥವಾ ಎಕ್ಸ್‌ಟ್ರಾಕ್ಟರ್ ಸ್ಪ್ರಿಂಗ್, ಅದೇ ಭಂಗಿ, ಅದೇ ಹೊತ್ತು, ಅದೇ ವ್ಯಕ್ತಿಯಿಂದ 30 ಹೊಡೆಸಿ. ಎರಡು ಬದಲಿಸಿದರೆ ಗುಣವಾದದ್ದು ಯಾವುದರಿಂದ ಎಂದು ಗೊತ್ತಾಗುವುದಿಲ್ಲ. ನಿಲುಗಡೆಯೇ ಕಾಣದಿದ್ದರೆ 5 ಹೊಡೆದು, ರೆಡ್ ಡಾಟನ್ನು ಬಿಚ್ಚಿ ಮತ್ತೆ ಕೂರಿಸಿ ಇನ್ನೈದು ಹೊಡೆಯಿರಿ. ಎರಡು ನಡುಬಿಂದುಗಳ ಅಂತರ ಬರೆದುಕೊಂಡು, ಮಿಕ್ಕ 33ನ್ನು ಲೆಕ್ಕ ಬರೆಸಿ ಕೋತಿಗೆ ವಾಪಸ್ ಕೊಡಿ.